ಕಲ್ಲಣಬೆಯ ಬೆನ್ನು ಹತ್ತಿ ಐದು ದಿನ

ಮೊದಲ ದಿನ

ಶಿವಮೊಗ್ಗದಿಂದ ಬೆಳಿಗ್ಗೆ ಹೊರಟಾಗ ಮೋಡ ಕವಿದಿತ್ತು. ತೀರ್ಥಹಳ್ಳಿಯಲ್ಲಿ ನಾಲ್ಕು ಹನಿ ಉದುರಿದವು. ಆಗುಂಬೆ ಘಾಟಿಯ 14 ತಿರುವು ಇಳಿದು ಸೋಮೇಶ್ವರ, ಹೆಬ್ರಿ ದಾಟಿ ಕಾರ್ಕಳ ಮುಟ್ಟುವಾಗ ಮಾತ್ರ ಬಿಸಿಲು ಚುರುಗುಟ್ಟುತ್ತಿತ್ತು. ಬಸ್‌ಸ್ಟ್ಯಾಂಡಿನಲ್ಲಿ ಕಾದಿದ್ದ ಗೆಳತಿ ನನ್ನ ಬ್ಯಾಗು ತೆಗೆದುಕೊಳ್ಳುವ ಮೊದಲೇ ಹೇಳಿದಳು, "ಸರಿಯಾಗಿ ಒಂದು ಗುಡುಗೂ ಬಂದಿಲ್ಲ ಮಾರಾಯ್ತಿ. ಇಷ್ಟು ಬೇಗ ಯಾಕೆ ಕರೆಸಿದ್ದು ಅಂತ ದೊಡ್ಡಮ್ಮ ಬೈತಾ ಇದ್ದಾರೆ."

ನಾನು ಬಂದದ್ದು ಕಲ್ಲಣಬೆಗಾಗಿ. ತುಳುವಿನಲ್ಲಿ ಕಲ್ಲಲಾಂಬು. ಮಲೆನಾಡಿನಲ್ಲಿ ಹುಟ್ಟಿದ ನನಗೆ ಹೆಗ್ಗಾಲಣಬೆ ಗೊತ್ತು, ನುಚ್ಚಣಬೆ ಗೊತ್ತು, ಹುತ್ತದ ಪಕ್ಕ ಬೆಳಗಾಗುವುದರೊಳಗೆ ಕೊಡೆ ಬಿಚ್ಚಿ ನಿಲ್ಲುವ ಅಣಬೆಗಳನ್ನು ಅಜ್ಜಿಯ ಜೊತೆ ಕಿತ್ತು ತಂದದ್ದೂ ಉಂಟು. ಆದರೆ ಕೊಡೆಯೂ ಇಲ್ಲದ, ಕಾಲೂ ಇಲ್ಲದ, ಗೋಲಿಯ ಹಾಗೆ ಉರುಟಾಗಿ ಮಣ್ಣಿನೊಳಗೆ ಕೂತಿರುವ ಅಣಬೆಯೊಂದಿದೆ ಎಂದು ತಿಳಿದದ್ದು ಕಾಲೇಜಿನ ಹಾಸ್ಟೆಲಿನಲ್ಲಿ, ಇದೇ ಗೆಳತಿ ಊರಿಂದ ತಂದ ಸ್ಟೀಲ್ ಡಬ್ಬಿಯ ಸುಕ್ಕದಿಂದ, ಅಂದರೆ ತೆಂಗಿನತುರಿ ಹಾಕಿದ ಒಣ ಪಲ್ಯದಿಂದ. ಹಲ್ಲಿಗೆ ಸಿಪ್ಪೆ ಪಟ್ಟೆಂದು ಒಡೆದು ಒಳಗಿನ ತಿರುಳು ನಾಲಿಗೆಯ ಮೇಲೆ ಹರಡಿದ್ದು ಇಂದಿಗೂ ನೆನಪಿದೆ. ಘಟ್ಟದ ಮೇಲಿನ ನಮ್ಮ ಕಡೆ ಎಷ್ಟೋ ಜನರಿಗೆ ಇದರ ಹೆಸರೇ ಗೊತ್ತಿಲ್ಲ. ಕರಾವಳಿಯ ಗುಡ್ಡೆಗಳಲ್ಲಿ ಮಾತ್ರ, ಮೊದಲ ಮಳೆಯ ಕೆಲವೇ ವಾರ, ಎಲ್ಲರ ಬಾಯಲ್ಲೂ ಅದೇ ಸುದ್ದಿ.

ಗೆಳತಿಯ ದೊಡ್ಡಮ್ಮನಿಗೆ ಎಪ್ಪತ್ತು ದಾಟಿದೆ. ಮನೆಯ ಹಿಂದೆ ಅಡಿಕೆ ತೋಟ, ತೋಟ ಮುಗಿದಲ್ಲಿ ಕುಮ್ಕಿ ಜಾಗ (ತೋಟಕ್ಕೆ ತಾಗಿದ ಸರಕಾರಿ ಜಾಗ), ಅದರಾಚೆ ಮೇಲೇರಿದರೆ ಪದವು. ಪದವು ಎಂದರೆ ಮುರಕಲ್ಲಿನ ವಿಶಾಲ ಬಯಲು. ಮೂಡಣಕ್ಕೆ ನೋಡಿದರೆ ಕುದುರೆಮುಖದ ಸಾಲು ನೀಲಿಯಾಗಿ ಕಾಣುತ್ತದೆ. ಸಂಜೆ ಅಲ್ಲಿಗೆ ಹೋದೆವು. ಕಾಲಡಿ ಕಲ್ಲು ಕಾವಲಿಯ ಹಾಗೆ ಸುಡುತ್ತಿತ್ತು. ತೂತುತೂತಾದ, ತುಕ್ಕಿನ ಬಣ್ಣದ ಈ ಕಲ್ಲಿಗೆ ಲ್ಯಾಟರೈಟ್ ಎಂಬ ಹೆಸರು ಕೊಟ್ಟವರು ದಕ್ಷಿಣ ಭಾರತ ಸುತ್ತಿ ಬರೆದ ಸ್ಕಾಟ್ಲೆಂಡಿನ ವೈದ್ಯ ಫ್ರಾನ್ಸಿಸ್ ಬುಕಾನನ್, 1807ರಲ್ಲಿ. ಮಲಬಾರಿನ ಅಂಗಡಿಪುರಂನಲ್ಲಿ ಜನ ಇದನ್ನು ಕಡಿದು ಇಟ್ಟಿಗೆಯಂತೆ ಬಳಸುವುದನ್ನು ಕಂಡು, ಇಟ್ಟಿಗೆ ಎಂಬ ಅರ್ಥದ ಲ್ಯಾಟಿನ್ ಪದದಿಂದ ಹೆಸರು ಮಾಡಿದರು. ನಮ್ಮ ಕಡೆ ಜಂಬಿಟ್ಟಿಗೆ ಅನ್ನುತ್ತೇವಲ್ಲ, ಅದರಲ್ಲೂ ಇಟ್ಟಿಗೆಯೇ ಇದೆ.

ಪದವಿನ ಅಂಚಿನಲ್ಲಿ, ಕಲ್ಲಿನ ಸೀಳಿನಲ್ಲಿ ದೊಡ್ಡಮ್ಮ ಏನನ್ನೋ ಹೆಕ್ಕಿ ನನ್ನ ಅಂಗೈಗೆ ಹಾಕಿದರು. ಒಣಗಿದ ಜಾಯಿಕಾಯಿಯಷ್ಟು ದೊಡ್ಡ, ಬೂದುಗಂದು ಬಣ್ಣದ ಗಟ್ಟಿ ಮುಷ್ಟಿ. "ಹೋದ ವರ್ಷದ್ದು. ಮನೆಗೆ ಹೋಗಿ ನೀರು ಹಾಕಿ ನೋಡು."

ಜಗಲಿಯಲ್ಲಿ ತಟ್ಟೆಯ ಮೇಲಿಟ್ಟು ನಾಲ್ಕು ಚಮಚ ನೀರು ಹನಿಸಿದೆ. ಮೊದಲು ಏನೂ ಆಗಲಿಲ್ಲ. ಆಮೇಲೆ ಒಂದು ಬೆರಳು ಸಡಿಲವಾಯಿತು, ಅದರ ಪಕ್ಕದ್ದು, ಅದರ ಪಕ್ಕದ್ದು. ಕಾಫಿ ಕುಡಿದು ಲೋಟ ಇಡುವಷ್ಟರಲ್ಲಿ ಒಂಬತ್ತು ಎಸಳು ಹಿಂದಕ್ಕೆ ಬಾಗಿ ನಕ್ಷತ್ರವೊಂದು ತಟ್ಟೆಯಲ್ಲಿ ಕೂತಿತ್ತು. ಎಸಳುಗಳ ಒಳಮೈ ಬೇಸಿಗೆಯ ಕೆರೆಯ ತಳದಂತೆ ಬಿರುಕುಬಿರುಕು. ನಡುವೆ ಕಾಗದದಷ್ಟು ತೆಳ್ಳಗಿನ ಚೀಲ, ಚೀಲದ ನೆತ್ತಿಯಲ್ಲಿ ಹರಿದಂಥ ಸಣ್ಣ ತೂತು. ಬೆರಳಿಂದ ಮುಟ್ಟಿದರೆ ತೂತಿನಿಂದ ಕಂದು ಪುಡಿ ಹೊಗೆಯಂತೆ ಎದ್ದಿತು. ಎಸಳಿನ ಒಂದು ಪದರ ನೀರು ಕುಡಿದು ಉಬ್ಬುತ್ತದೆ, ಇನ್ನೊಂದು ಅಷ್ಟು ಉಬ್ಬುವುದಿಲ್ಲ. ಆ ಎಳೆದಾಟದಲ್ಲಿ ಎಸಳು ಹೊರಕ್ಕೆ ಬಾಗುತ್ತದೆ, ಒಣಗಿದರೆ ಮತ್ತೆ ಒಳಕ್ಕೆ ಮಡಚಿಕೊಳ್ಳುತ್ತದೆ. ಜೀವ ಹೋಗಿ ವರ್ಷವಾದರೂ ಈ ಕೆಲಸ ನಿಲ್ಲುವುದಿಲ್ಲ. ಮಳೆ ಬಂದಾಗ ತೆರೆದುಕೊಂಡ ಚೀಲದ ಮೇಲೆ ಹನಿ ಬಿದ್ದು ಬೀಜಕಣ ಚಿಮ್ಮಬೇಕು, ಬಿಸಿಲಿನಲ್ಲಿ ಚೀಲ ಮುಚ್ಚಿಕೊಂಡಿರಬೇಕು. ಅದಕ್ಕೆ ಬೇಕಾದ ಏರ್ಪಾಡು ಇದು.

ರಾತ್ರಿ ಮಲಗುವ ಮೊದಲು ಹೋಗಿ ನೋಡಿದೆ. ನಕ್ಷತ್ರ ಅರ್ಧ ಮುಚ್ಚಿತ್ತು.

ಎರಡನೆಯ ದಿನ

ನಸುಕಿನ ಮೂರು ಗಂಟೆಗೆ ಮನೆಯ ಹಂಚು ಅದುರುವಂಥ ಗುಡುಗು. ಆಮೇಲೆ ಎರಡು ತಾಸು ಹೊಡೆದ ಮಳೆ. ಬೆಳಿಗ್ಗೆ ಬುಟ್ಟಿ ಹಿಡಿದು ಸಿದ್ಧಳಾಗಿ ನಿಂತ ನನ್ನನ್ನು ದೊಡ್ಡಮ್ಮ ಮೇಲಿಂದ ಕೆಳಗೆ ನೋಡಿದರು. "ಇವತ್ತು ಎಂತ ಸಿಗ್ತದೆ? ನೆಲ ನೀರು ಕುಡಿಯಲಿ. ಇನ್ನೊಂದು ಮಳೆ ಬೀಳಲಿ. ಬೇಶ ತಿಂಗಳ ಗುಡುಗಿಗೆ ಅದು ಒಳಗೆ ಎಚ್ಚರ ಆಗ್ತದೆ, ಮೇಲೆ ಬರ್ಲಿಕ್ಕೆ ಪುರುಸೊತ್ತು ಬೇಕಲ್ಲ."

ಗುಡುಗಿಗೆ ಅಣಬೆ ಏಳುತ್ತದೆ ಎಂಬ ಮಾತು ನಮ್ಮ ಕಡೆಯೂ ಉಂಟು. ಕಾದ ನೆಲಕ್ಕೆ ಮೊದಲ ಮಳೆ ಬೀಳುವುದು ಗುಡುಗಿನ ಜೊತೆಯಲ್ಲೇ. ಆ ಕಾವು ಮತ್ತು ತೇವ ಒಟ್ಟಾಗಿ ಸಿಗುವ ದಿನಗಳನ್ನು ಗುರುತಿಸಲು ಗುಡುಗಿಗಿಂತ ಒಳ್ಳೆಯ ಲೆಕ್ಕ ಬೇರೆ ಇಲ್ಲ ಎಂದು ನನಗೆ ಅನಿಸುತ್ತದೆ.

ಮಧ್ಯಾಹ್ನ ಪೇಟೆಗೆ ಹೋದೆವು. ಮಾರುಕಟ್ಟೆಯ ಮೂಲೆಯಲ್ಲಿ ಒಬ್ಬರು ಗೋಣಿ ಹಾಸಿಕೊಂಡು ಈ ಸಾಲಿನ ಮೊದಲ ಕಲ್ಲಣಬೆ ಇಟ್ಟಿದ್ದರು, ಸೇರಿನ ಅಳತೆಯಲ್ಲಿ. ಸುತ್ತ ಆಗಲೇ ಜನ. ನಾವು ಕೊಳ್ಳಲಿಲ್ಲ. ನೆಲದಿಂದ ನಾನೇ ಎತ್ತಬೇಕು ಎಂಬ ಹಟ ನನ್ನದು.

ಇದಕ್ಕೆ ವಿಜ್ಞಾನದಲ್ಲಿ ಅಸ್ಟ್ರೇಯಸ್ ಎಂದು ಹೆಸರು. ನಕ್ಷತ್ರ ಎಂಬ ಅರ್ಥದ ಗ್ರೀಕ್ ಮೂಲದ್ದು. ಶಿಲೀಂಧ್ರ ವಿಜ್ಞಾನಿ ಪರ್ಸೂನ್ 1801ರಲ್ಲಿ ಇದನ್ನು ನೆಲನಕ್ಷತ್ರ ಎಂಬ ಬೇರೆ ಅಣಬೆಗಳ ಕುಲಕ್ಕೆ ಸೇರಿಸಿದ್ದ, ನೋಡಲು ಹಾಗೇ ಇದೆಯಲ್ಲ. 1889ರಲ್ಲಿ ಮಾರ್ಗನ್ ಎಂಬ ಇನ್ನೊಬ್ಬ ವಿಜ್ಞಾನಿ ಇದಕ್ಕೆ ಬೇರೆಯೇ ಕುಲ ಮಾಡಿದ. ಅವನ ಕಣ್ಣು ಸರಿಯಾಗಿತ್ತು. ಇದರ ನಿಜವಾದ ನೆಂಟರು ನೆಲನಕ್ಷತ್ರಗಳಲ್ಲ, ಕೊಡೆಯ ಅಡಿಯಲ್ಲಿ ಪದರದ ಬದಲು ಸಣ್ಣ ಸಣ್ಣ ರಂಧ್ರಗಳಿರುವ ಬೊಲೀಟ್ ಅಣಬೆಗಳು. ನಮ್ಮ ಕರಾವಳಿಯಿಂದ ಮಂಗಳೂರು ವಿಶ್ವವಿದ್ಯಾನಿಲಯದ ಸಂಶೋಧಕರು ಅಸ್ಟ್ರೇಯಸ್ ಹೈಗ್ರೋಮೆಟ್ರಿಕಸ್, ಅಸ್ಟ್ರೇಯಸ್ ಓಡೊರೇಟಸ್ ಎಂಬ ಎರಡು ಪ್ರಭೇದಗಳನ್ನು ದಾಖಲಿಸಿದ್ದಾರೆ. ಎರಡನೆಯದನ್ನು ಮೊದಲು ಹೆಸರಿಟ್ಟು ವಿವರಿಸಿದ್ದು ಥಾಯ್ಲೆಂಡಿನಿಂದ, 2004ರಲ್ಲಿ. ದೊಡ್ಡಮ್ಮನ ಬುಟ್ಟಿಯಲ್ಲಿ ಎರಡೂ ಕಲ್ಲಲಾಂಬೇ.

ಸಂಜೆ ಇನ್ನೊಂದು ಮಳೆ ಬಂತು.

ಮೂರನೆಯ ದಿನ

ಬೆಳಿಗ್ಗೆ ಆರೂವರೆಗೆ ಹೊರಟೆವು. ದೊಡ್ಡಮ್ಮನ ತಲೆಗೆ ಅಡಿಕೆ ಹಾಳೆಯ ಟೊಪ್ಪಿ ಮುಟ್ಟಾಳೆ, ಸೊಂಟಕ್ಕೆ ಸಣ್ಣ ಕತ್ತಿ, ಕೈಯಲ್ಲಿ ಬಿದಿರಿನ ಬುಟ್ಟಿ. ಪದವಿನ ಬಯಲಿನಲ್ಲಿ ಅವರು ನಿಲ್ಲಲೇ ಇಲ್ಲ. ನೇರ ಅದರ ಅಂಚಿಗೆ, ಕಲ್ಲಿನ ಹಾಸು ಮುಗಿದು ಮರಗಳು ಶುರುವಾಗುವ ಇಳಿಜಾರಿಗೆ ಹೋದರು. ಅಲ್ಲಿ ಕಿರಾಲ್‌ಬೋಗಿ ಮರಗಳು. ನೆಟ್ಟಗೆ ಎತ್ತರಕ್ಕೆ ಹೋದ ಕಾಂಡ, ಕಪ್ಪು ಒರಟು ತೊಗಟೆ, ಹೊಳೆಯುವ ಎಲೆ. ಅಡಿಯಲ್ಲಿ ತರಗೆಲೆ ತೆಳ್ಳಗೆ, ನಡುನಡುವೆ ಬೋಳು ಕೆಂಪು ಮಣ್ಣು.

"ಮರ ನೋಡು ಮೊದಲು. ಅಣಬೆ ಆಮೇಲೆ," ಎಂದರು.

ನಾನು ಕುಕ್ಕರಗಾಲಲ್ಲಿ ಕೂತು ಅರ್ಧ ಗಂಟೆ ಕಣ್ಣು ಬಿಟ್ಟು ನೋಡಿದರೂ ಕಾಣಿಸಿದ್ದು ಜಲ್ಲಿಕಲ್ಲೇ. ಮುರಕಲ್ಲಿನ ಪುಡಿಗೂ ಈ ಅಣಬೆಗೂ ಗಾತ್ರ ಒಂದೇ, ಮೈಗೆ ಮೆತ್ತಿದ ಮಣ್ಣಿನಿಂದ ಬಣ್ಣವೂ ಒಂದೇ. ಕಲ್ಲಣಬೆ ಎಂಬ ಹೆಸರು ಎಷ್ಟು ಸರಿ ಎಂದು ಆಗ ಅರ್ಥವಾಯಿತು. ದೊಡ್ಡಮ್ಮ ಪಕ್ಕಕ್ಕೆ ಬಂದು ನನ್ನ ಮೊಣಕಾಲಿನ ಮುಂದೆಯೇ ಬೆರಳಿಟ್ಟರು. ಮಣ್ಣಿನಲ್ಲಿ ಕೂದಲೆಳೆಯಷ್ಟು ಬಿರುಕು, ಮೂರು ಕಡೆಗೆ ಹೋದದ್ದು. ಒಳಗಿಂದ ಯಾರೋ ಮೆಲ್ಲಗೆ ದೂಡಿದ ಹಾಗೆ ಮಣ್ಣು ಒಂಚೂರು ಉಬ್ಬಿತ್ತು. ಕತ್ತಿಯ ತುದಿಯಿಂದ ಮೀಟಿದರು. ಗೋಲಿಯಷ್ಟಗಲದ ಒಂದು ಉಂಡೆ, ಅದರ ಪಕ್ಕ ಇನ್ನೊಂದು, ಒಟ್ಟು ಏಳು. ಕೈಗೆ ತೆಗೆದುಕೊಂಡರೆ ಕಲ್ಲಿನ ಭಾರವಿಲ್ಲ, ಕಲ್ಲಿನ ತಂಪಿದೆ. ಹೆಬ್ಬೆರಳಿನಲ್ಲಿ ಮಣ್ಣು ಉಜ್ಜಿದರೆ ಒಳಗೆ ಕೆನೆಯ ಬಣ್ಣದ ನಯವಾದ ಸಿಪ್ಪೆ. ಮೂಗಿಗೆ ಹಿಡಿದೆ. ಹೊಸ ಮಡಕೆಗೆ ನೀರು ತುಂಬಿದಾಗ ಬರುವ ವಾಸನೆ.

ಒಮ್ಮೆ ಕಣ್ಣಿಗೆ ಆ ಬಿರುಕು ಹಿಡಿದ ಮೇಲೆ ನನಗೂ ಕಾಣತೊಡಗಿತು. ಒಂದು ಬುಟ್ಟಿ ಅರ್ಧ ತುಂಬುವಾಗ ಒಂಬತ್ತು ಗಂಟೆ.

ದೊಡ್ಡಮ್ಮ ನಡುನಡುವೆ ಒಂದೊಂದನ್ನು ಕತ್ತಿಯಲ್ಲಿ ಎರಡು ಹೋಳು ಮಾಡಿ ನೋಡುತ್ತಿದ್ದರು. ಒಳಗೆ ತೆಂಗಿನಕಾಯಿ ತಿರುಳಿನಷ್ಟು ಬೆಳ್ಳಗಿದ್ದರೆ ಬುಟ್ಟಿಗೆ. ಕಂದು ತಿರುಗಿದ್ದರೆ ಬಲಿತದ್ದು, ಅದು ಬೇರೆ ಚೀಲಕ್ಕೆ. ಹೀಗೆ ನೋಡುತ್ತಾ ಒಂದು ಹೋಳನ್ನು ನನ್ನ ಮುಂದೆ ಹಿಡಿದರು. ಸಿಪ್ಪೆ ದಪ್ಪ, ಒಳಗೆ ಕಪ್ಪುನೇರಳೆ ಬಣ್ಣ, ಅದರಲ್ಲಿ ಬಿಳಿ ಗೆರೆಗಳು. "ಇದು ಅಲ್ಲ. ಇದು ತಿಂದರೆ ವಾಂತಿ." ಅದು ಸ್ಕ್ಲೆರೋಡರ್ಮ, ಇದರ ದೂರದ ನೆಂಟ, ವಿಷದ್ದು. ಇನ್ನೊಂದು ಅಪಾಯವೂ ಇದೆ. ಅಮಾನಿಟ ಎಂಬ ವಿಷದ ಅಣಬೆಗಳು ಎಳೆಯದರಲ್ಲಿ ಮೊಟ್ಟೆಯಂತೆ ಉರುಟಾಗಿರುತ್ತವೆ. ಉದ್ದಕ್ಕೆ ಸೀಳಿದರೆ ಒಳಗೆ ಪುಟ್ಟ ಕೊಡೆಯ ಆಕಾರ ಗೆರೆ ಎಳೆದಂತೆ ಕಾಣುತ್ತದೆ. ಫೋಟೊ ನೋಡಿ ಅಣಬೆ ಕೀಳಲು ಹೊರಡುವವರಿಗೆ ನನ್ನದೊಂದೇ ಬೇಡಿಕೆ: ಗೊತ್ತಿದ್ದವರ ಜೊತೆಗೆ ಹೋಗಿ, ಪ್ರತಿಯೊಂದನ್ನೂ ಸೀಳಿ ನೋಡಿ, ಸಂಶಯ ಬಂದದ್ದನ್ನು ಅಲ್ಲೇ ಬಿಡಿ.

ಅಣಬೆ ಎತ್ತಿದ ಜಾಗದಲ್ಲಿ ಸಡಿಲಾದ ಮಣ್ಣು ಬಿಡಿಸಿ ಬೋಗಿಯ ಒಂದು ಎಳೆ ಬೇರನ್ನು ಹಿಡಿದು ನೋಡಿದೆ. ತುದಿಗಳು ಮೊಂಡಾಗಿ, ದಪ್ಪಗಾಗಿ, ಬಿಳಿ ಬಟ್ಟೆ ಸುತ್ತಿದ ಬೆರಳಿನ ಹಾಗಿದ್ದವು. ಆ ಬಟ್ಟೆಯೇ ಶಿಲೀಂಧ್ರ. ಒಂದು ಬೇರಿನ ಮೇಲೆ ಹಲವು ಬಗೆಯ ಶಿಲೀಂಧ್ರಗಳಿರುತ್ತವೆ, ಕಲ್ಲಣಬೆಯದು ಅವುಗಳಲ್ಲೊಂದು. ಹೆಗ್ಗಾಲಣಬೆಗೆ ಗೆದ್ದಲಿನ ನಂಟು, ಇದಕ್ಕೆ ಮರದ ನಂಟು. ಮುರಕಲ್ಲಿನ ಮಣ್ಣಿನಲ್ಲಿ ಕಬ್ಬಿಣ, ಅಲ್ಯೂಮಿನಿಯಂ ಜಾಸ್ತಿ. ರಂಜಕ ಇದ್ದರೂ ಅವು ಅದನ್ನು ಬಿಗಿಯಾಗಿ ಹಿಡಿದಿಟ್ಟುಕೊಳ್ಳುತ್ತವೆ, ಬೇರಿಗೆ ಸುಲಭಕ್ಕೆ ದಕ್ಕುವುದಿಲ್ಲ. ಬೇರು ಹೋಗಲಾರದ ಸಂದಿಗೂ ಹೋಗುವ ಶಿಲೀಂಧ್ರದ ಎಳೆಗಳು ಆ ರಂಜಕವನ್ನೂ ನೀರನ್ನೂ ತಂದು ಮರಕ್ಕೆ ಕೊಡುತ್ತವೆ. ಮರ ಬಿಸಿಲಲ್ಲಿ ಅಡುಗೆ ಮಾಡಿದ ಸಕ್ಕರೆಯಲ್ಲಿ ಪಾಲು ಕೊಡುತ್ತದೆ. ಆದ್ದರಿಂದಲೇ ಬೈಹುಲ್ಲಿನ ಮೇಲೆ ಸಿಂಪಿ ಅಣಬೆ ಬೆಳೆಸಿದ ಹಾಗೆ ಇದನ್ನು ಬೆಳೆಸಲಾಗುವುದಿಲ್ಲ. ಜೀವಂತ ಮರದ ಬೇರು ಬೇಕೇ ಬೇಕು.

ಇಲ್ಲಿನ ಬೋಗಿ, ಹೈಗ, ಧೂಪ ಎಲ್ಲವೂ ಉತ್ತರದ ಸಾಲ್ ಮರದ ಕುಟುಂಬದವು. ಜಾರ್ಖಂಡಿನಲ್ಲಿ ಸಾಲ್ ಕಾಡಿನ ಅಡಿಯಲ್ಲಿ ಇದೇ ಬಗೆಯ ಅಣಬೆಯನ್ನು ರುಗ್ಡಾ ಎನ್ನುತ್ತಾರೆ, ಬಸ್ತರಿನಲ್ಲಿ ಬೋಡಾ. ಅಲ್ಲಿಯೂ ಮೊದಲ ಮಳೆ, ಅಲ್ಲಿಯೂ ಇದೇ ಗಡಿಬಿಡಿ. ಈ ಕುಟುಂಬದ ಮರಗಳಿಗೂ ಶಿಲೀಂಧ್ರಕ್ಕೂ ಇರುವ ಸಂಬಂಧ ಎಷ್ಟು ಹಳೆಯದು ಎಂಬುದಕ್ಕೆ ಗುಜರಾತಿನ ತಡಕೇಶ್ವರದ ಲಿಗ್ನೈಟ್ ಗಣಿಯಲ್ಲಿ ಸಾಕ್ಷಿ ಸಿಕ್ಕಿದೆ. ಮರದ ಅಂಟು ಗಟ್ಟಿಯಾಗಿ ಆದ ಅಂಬರಿನೊಳಗೆ ಶಿಲೀಂಧ್ರ ಸುತ್ತಿದ ಬೇರಿನ ತುದಿಗಳು ಹಾಗೇ ಉಳಿದಿದ್ದವು, ಸುಮಾರು 5 ಕೋಟಿ 20 ಲಕ್ಷ ವರ್ಷಗಳಿಂದ. ಆ ಬೇರಿನ ತುದಿಗಳಿಗೂ ನನ್ನ ಕೈಯಲ್ಲಿದ್ದದ್ದಕ್ಕೂ ರೂಪ ಬೇರೆಯಿರಲಾರದು ಎಂದುಕೊಂಡು ಬೇರಿನ ಮೇಲೆ ಮತ್ತೆ ಮಣ್ಣು ಎಳೆದೆ.

ಬರುವ ದಾರಿಯಲ್ಲಿ ನಾಗಬನ. ದೊಡ್ಡ ಮರಗಳು, ಬಳ್ಳಿ, ಒಳಗೆ ಕತ್ತಲೆ. ಬನದ ಹೊರಗಿನ ಅಂಚಿನಲ್ಲಿ ಮಣ್ಣು ಅಲ್ಲಲ್ಲಿ ಬಿರಿದದ್ದು ಈಗ ನನ್ನ ಕಣ್ಣಿಗೂ ಬಿತ್ತು. ದೊಡ್ಡಮ್ಮ ಚಪ್ಪಲಿ ಬಿಟ್ಟು ಕೈಮುಗಿದು ಮುಂದೆ ಹೋದರು.

"ಇಲ್ಲಿಯದು ತೆಗೆಯುವುದಿಲ್ವಾ ದೊಡ್ಡಮ್ಮ?"

"ನಾಗನದ್ದು ಅದು. ನಮಗೆ ಅಲ್ಲಿ ಸಿಕ್ಕಿತಲ್ಲ."

ಕೀಳುವುದಕ್ಕಿಂತ ತೊಳೆಯುವುದು ದೊಡ್ಡ ಕೆಲಸ. ಬೋಗುಣಿಯಲ್ಲಿ ನೆನೆಹಾಕಿ, ಒಂದೊಂದನ್ನೇ ಒರಟು ಬಟ್ಟೆಯಲ್ಲಿ ಉಜ್ಜಿ, ನೀರು ಚೆಲ್ಲಿ, ಮತ್ತೆ ಉಜ್ಜಿ. ಐದು ನೀರಿನ ಮೇಲೂ ತಳದಲ್ಲಿ ಕೆಂಪು ಕಾಣುತ್ತಿತ್ತು. ಎಂಟನೆಯ ನೀರು ತಿಳಿಯಾಯಿತು. ಬ್ಯಾಡಗಿ ಮೆಣಸು, ಕೊತ್ತಂಬರಿ, ಜೀರಿಗೆ, ಚೂರು ಮೆಂತೆ ಹುರಿದು ಹುಳಿ, ಬೆಳ್ಳುಳ್ಳಿ ಸೇರಿಸಿ ದೊಡ್ಡಮ್ಮ ಕಲ್ಲಿನಲ್ಲೇ ಅರೆದರು. ಅಣಬೆ ಎರಡು ಹೋಳಾಗಿ ಮಸಾಲೆಯಲ್ಲಿ ಬೆಂದ ಮೇಲೆ ಹಸಿ ತೆಂಗಿನತುರಿ. ಕುಚ್ಚಲಕ್ಕಿ ಅನ್ನದ ಜೊತೆ ಬಾಯಿಗಿಟ್ಟಾಗ ಅದೇ ಪಟ್ಟೆನ್ನುವ ಸಿಪ್ಪೆ. ಆದರೆ ಹಾಸ್ಟೆಲಿನ ಡಬ್ಬಿಯಲ್ಲಿ ಆರಿದ್ದ ಸುಕ್ಕಕ್ಕೂ ಇದಕ್ಕೂ ಹೋಲಿಕೆಯಿಲ್ಲ. ಮಸಾಲೆಯ ಖಾರದ ಹಿಂದೆ ಆ ಹೊಸ ಮಡಕೆಯ ವಾಸನೆ ಹಾಗೇ ಇತ್ತು. ಯಾರೂ ಹೆಚ್ಚು ಮಾತಾಡಲಿಲ್ಲ.

ನಾಲ್ಕನೆಯ ದಿನ

ದೊಡ್ಡಮ್ಮ ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆಯ ಜೊತೆ ಹೋಗುತ್ತಿದ್ದ ಗುಡ್ಡೆ ಇನ್ನೊಂದಿದೆ, ನಡೆದರೆ ಮುಕ್ಕಾಲು ಗಂಟೆ. ಅಲ್ಲಿಗೆ ಹೋಗುವ ಎಂದು ನಾನೇ ಒತ್ತಾಯಿಸಿದೆ. ಅವರು ಬೇಡ ಎನ್ನಲಿಲ್ಲ, ಬುಟ್ಟಿ ಮಾತ್ರ ಹಿಡಿಯಲಿಲ್ಲ.

ಗುಡ್ಡೆಯ ಅರ್ಧ ಇರಲಿಲ್ಲ. ಕೆಂಪುಕಲ್ಲಿನ ಕೋರೆ, ಮೆಟ್ಟಿಲು ಮೆಟ್ಟಿಲಾಗಿ ಕೆಳಗಿಳಿದ ಗೋಡೆ, ಯಂತ್ರದ ಗರಗಸ ಎಳೆದ ಗೀರು ಅಚ್ಚುಕಟ್ಟಾಗಿ ಕಾಣುತ್ತಿತ್ತು. ಕೋರೆ ನಿಂತು ಕೆಲವು ವರ್ಷವಾಗಿದೆಯಂತೆ. ತಳದಲ್ಲಿ ಮಳೆಯ ಹಳದಿ ನೀರು. ಈ ಕಲ್ಲಿನಿಂದಲೇ ಇಲ್ಲಿನ ಮನೆಗಳೆಲ್ಲ ನಿಂತಿವೆ, ನಾನು ಮಲಗಿದ ಕೋಣೆಯ ಗೋಡೆಯೂ ಅದೇ. ಕಲ್ಲು ತೆಗೆಯುವುದೇ ತಪ್ಪು ಎಂದು ಹೇಳಲು ನನಗೆ ಬಾಯಿ ಬರುವುದಿಲ್ಲ. ಆದರೆ ಕಲ್ಲಿಗೆ ತಲುಪುವ ಮೊದಲು ಬಳಿದು ಹಾಕುವ ಮೇಲಿನ ಒಂದೆರಡು ಅಡಿ ಮಣ್ಣು, ಅದರಲ್ಲಿ ನಿಂತ ಮರ, ಇವುಗಳ ಲೆಕ್ಕ ಯಾರೂ ಇಟ್ಟಂತಿಲ್ಲ. ಕಲ್ಲಣಬೆ ಇರುವುದು ಅಷ್ಟರಲ್ಲೇ. ಗುಂಡಿ ಮುಚ್ಚಿ ಮೇಲೆ ಮಣ್ಣು ಹರಡಿದರೂ ಬೇರೂ ಎಳೆಯೂ ಕೂಡಿದ ಆ ನೆಲ ತಿರುಗಿ ಬರುವುದಿಲ್ಲ.

ದೊಡ್ಡಮ್ಮ ಅಂಚಿನಲ್ಲಿ ನಿಂತು ಗಾಳಿಯಲ್ಲಿ ಕೈ ತೋರಿಸಿದರು. "ಅಲ್ಲಿ ಮೂರು ಬೋಗಿ ಇತ್ತು. ಅದರ ಅಡಿಯಲ್ಲಿ ನಮ್ಮ ಅತ್ತೆ ಸೆರಗು ತುಂಬ ತೆಗೆದದ್ದು ಒಂದೇ ದಿನ." ಅವರು ತೋರಿಸಿದ ಜಾಗದಲ್ಲಿ ಆಕಾಶ ಮಾತ್ರ ಇತ್ತು.

ಹಿಂದಿರುಗುವಾಗ ಜೋರು ಮಳೆ. ಒಂದು ಮಾತೂ ಆಡದೆ ಮನೆ ತಲುಪಿದೆವು.

ಐದನೆಯ ದಿನ

ಹತ್ತು ಗಂಟೆಯ ಬಸ್ಸು. ಬೆಳಿಗ್ಗೆ ಬ್ಯಾಗು ಕಟ್ಟಿ ಹೊರಬಂದರೆ ದೊಡ್ಡಮ್ಮ ಹಟ್ಟಿಯ ಹಿಂದಿದ್ದರು. ಮೊನ್ನೆ ಬೇರೆ ಚೀಲಕ್ಕೆ ಹಾಕಿದ್ದ ಬಲಿತ ಅಣಬೆಗಳು ಅವರ ಕೈಯಲ್ಲಿದ್ದವು. ತೋಟದ ಬೇಲಿಯ ಉದ್ದಕ್ಕೆ ಮೊಣಕಾಲೆತ್ತರದ ಏಳೆಂಟು ಬೋಗಿ ಸಸಿಗಳು. ಗಿಡದ ಬುಡದ ಮಣ್ಣು ಕೆದರಿ, ಒಂದೊಂದು ಅಣಬೆಯನ್ನು ಬೆರಳಲ್ಲಿ ಪುಡಿ ಮಾಡಿ ಉದುರಿಸಿ, ಮೇಲೆ ತರಗೆಲೆ ಎಳೆಯುತ್ತಿದ್ದರು. ಬೆರಳೆಲ್ಲ ಕಂದು.

ಥಾಯ್ಲೆಂಡಿನಲ್ಲಿ ಈ ಅಣಬೆಯ ಶಿಲೀಂಧ್ರವನ್ನು ಇದೇ ಕುಟುಂಬದ ಮರಗಳ ಸಸಿಗಳ ಬೇರಿಗೆ ಸೇರಿಸುವ ಪ್ರಯೋಗಗಳು ನಡೆದಿವೆ ಎಂದು ಓದಿದ್ದೆ. ಅದನ್ನು ಹೇಳಿದೆ.

"ಹೌದಾ? ಅಲ್ಲಿಯೂ ಉಂಟಾ?" ಎಂದರು ತಲೆಯೆತ್ತದೆ. "ನನಗೆ ಯಾರೂ ಹೇಳಿಕೊಟ್ಟದ್ದಲ್ಲ. ಬಲಿತದ್ದನ್ನು ಕಸಕ್ಕೆ ಹಾಕಿದರೆ ಎಂತ ಪ್ರಯೋಜನ ಅಂತ ಇಲ್ಲಿ ಹಾಕ್ತೇನೆ."

"ಇಲ್ಲಿ ಬಂದಿದೆಯಾ?"

"ಇಲ್ಲ. ಗಿಡ ಸಣ್ಣದಲ್ವಾ." ಚೀಲದಿಂದ ಒಂದು ಹಿಡಿ ತೆಗೆದು ನನ್ನ ಕೈಗೆ ಹಾಕಿದರು. "ಆ ಕೊನೆಯ ಎರಡು ಗಿಡಕ್ಕೆ ನೀನು ಹಾಕು. ಬಸ್ಸಿಗೆ ಹೊತ್ತುಂಟು."